ಉಳಿ ಹಿಡಿದ ಕೈ ಮಂತ್ರಿಗಿರಿಗೆ ಬಂದಾಗ: ಹೆನ್ರಿ ಬ್ರಾಡ್‌ಹರ್ಸ್ಟ್ ಪ್ರಕರಣ

1889ರ ಸೆಪ್ಟೆಂಬರ್ ಮೊದಲ ವಾರ. ಸ್ಕಾಟ್ಲೆಂಡಿನ ಡಂಡೀ ಊರಿನಲ್ಲಿ ಬ್ರಿಟನ್ನಿನ ಕಾರ್ಮಿಕ ಸಂಘಗಳ ವಾರ್ಷಿಕ ಸಭೆ ಸೇರಿತ್ತು. ಅದರ ಹೆಸರು ಟ್ರೇಡ್ಸ್ ಯೂನಿಯನ್ ಕಾಂಗ್ರೆಸ್, ಎಲ್ಲರ ಬಾಯಲ್ಲಿ ಟಿಯುಸಿ. ಅದರ ಕಾರ್ಯದರ್ಶಿ ಹೆನ್ರಿ ಬ್ರಾಡ್‌ಹರ್ಸ್ಟ್. ವಯಸ್ಸು 49. ಹಿಂದೆ ಕಲ್ಲು ಕೆತ್ತಿ ಬದುಕಿದವರು, ಈಗ ಪಾರ್ಲಿಮೆಂಟ್ ಸದಸ್ಯರು, ನಡುವೆ ಒಮ್ಮೆ ಮಂತ್ರಿಯೂ ಆಗಿದ್ದವರು. ಆ ದಿನ ಅವರ ಮೇಲೆ ದೊಡ್ಡ ಆರೋಪ ಬಂದಿತ್ತು. ಕಾರ್ಮಿಕರನ್ನು ಹಿಂಡುವ ಮಾಲೀಕರ ಪರ ಚುನಾವಣೆಯಲ್ಲಿ ಪ್ರಚಾರ ಮಾಡಿದ್ದಾರೆ, ಅಂಥ ಕಂಪನಿಯಲ್ಲಿ ಷೇರು ಇಟ್ಟುಕೊಂಡಿದ್ದಾರೆ, ಇವರು ಈ ಹುದ್ದೆಗೆ ಯೋಗ್ಯರಲ್ಲ ಎಂದು ಕೀರ್ ಹಾರ್ಡಿ ಎದ್ದು ನಿಂತು ಹೇಳಿದರು. ಹಾರ್ಡಿ ಹತ್ತನೇ ವಯಸ್ಸಿಗೇ ಕಲ್ಲಿದ್ದಲು ಗಣಿಗೆ ಇಳಿದಿದ್ದವರು, ಮುಂದೆ ಲೇಬರ್ ಪಕ್ಷ ಕಟ್ಟಿದವರಲ್ಲಿ ಒಬ್ಬರು.

ಓಟಿಗೆ ಹಾಕಿದರು. ಬ್ರಾಡ್‌ಹರ್ಸ್ಟ್ ಪರ 177. ವಿರುದ್ಧ 11.

ಇಷ್ಟು ದೊಡ್ಡ ಗೆಲುವು ಸಿಕ್ಕವರು ಇನ್ನು ಹತ್ತು ವರ್ಷ ಅಲುಗಾಡುವುದಿಲ್ಲ ಅಂದುಕೊಳ್ಳುತ್ತೇವೆ, ಅಲ್ವಾ? ಆದರೆ ಮರುವರ್ಷವೇ ಅವರು ಕಾರ್ಯದರ್ಶಿ ಹುದ್ದೆ ಬಿಟ್ಟರು. ಮೂರು ವರ್ಷಕ್ಕೆ ಪಾರ್ಲಿಮೆಂಟಿನ ಸೀಟೂ ಹೋಯಿತು. ಕೈಬಿಟ್ಟವರಲ್ಲಿ ಗಣಿ ಕಾರ್ಮಿಕರೇ ಇದ್ದರು.

ಕಾರ್ಮಿಕ ಚಳವಳಿಯ ಚರಿತ್ರೆಯಲ್ಲಿ ಬ್ರಾಡ್‌ಹರ್ಸ್ಟ್ ಅವರಿಗೆ ಸಿಗುವುದು ಸಾಮಾನ್ಯವಾಗಿ ಎರಡೇ ಸಾಲು. ಒಂದು, ಮಂತ್ರಿಯಾದ ಮೊದಲ ಕೂಲಿ ಕೆಲಸಗಾರ. ಎರಡು, ಹಾರ್ಡಿಯ ದಾರಿಗೆ ಅಡ್ಡ ನಿಂತವರು. ಎರಡೂ ನಿಜ. ಆದರೆ ಈ ಎರಡು ಸಾಲಿನ ನಡುವೆ ಒಬ್ಬ ಮನುಷ್ಯನ ಇಡೀ ಬದುಕಿದೆ. ಅವರನ್ನು ಮೇಲಕ್ಕೆ ಹತ್ತಿಸಿದ ಗುಣ ಯಾವುದೋ ಅದೇ ಗುಣ ಅವರನ್ನು ಕೆಳಗೂ ಇಳಿಸಿತು. ನನಗೆ ಈ ಪ್ರಕರಣ ಮುಖ್ಯ ಅನ್ನಿಸುವುದು ಅದಕ್ಕೇ.

ಸಾವಿರದ ಇನ್ನೂರು ಮೈಲಿ

ಹೆನ್ರಿ ಹುಟ್ಟಿದ್ದು 1840ರ ಏಪ್ರಿಲ್ 13ರಂದು, ಆಕ್ಸ್‌ಫರ್ಡ್ ಪಕ್ಕದ ಲಿಟ್ಲ್‌ಮೋರ್ ಹಳ್ಳಿಯಲ್ಲಿ. ಅಪ್ಪ ಥಾಮಸ್ ಕಲ್ಲುಕೆಲಸದವರು. ಸ್ವಂತ ಧಂದೆಯಲ್ಲ, ದಿನಗೂಲಿ. ಮನೆ ತುಂಬ ಮಕ್ಕಳು. ಹನ್ನೆರಡನೇ ವಯಸ್ಸಿಗೆ ಹುಡುಗ ಶಾಲೆ ಬಿಟ್ಟ. ಒಂದು ವರ್ಷ ಊರಲ್ಲೇ ಅವರಿವರ ಮನೆಯ ಚಿಲ್ಲರೆ ಕೆಲಸ ಮಾಡಿದ. ಆಮೇಲೆ ಅಪ್ಪನ ಕಸುಬಿಗೇ ಸೇರಿದ. ಆಕ್ಸ್‌ಫರ್ಡ್ ಅಂದರೆ ಕಾಲೇಜುಗಳ ಊರು, ಕಲ್ಲಿನ ಕಟ್ಟಡಗಳ ಊರು. ಓದುವ ಭಾಗ್ಯ ಇಲ್ಲದ ಹುಡುಗ ಆ ಊರಿನಲ್ಲೇ ಕಲ್ಲು ಕೆತ್ತಲು ಕಲಿತ.

1858-59ರಲ್ಲಿ ಕಟ್ಟಡ ಕೆಲಸ ಪೂರ್ತಿ ಬಿದ್ದುಹೋಯಿತು. ಹದಿನೆಂಟು ವರ್ಷದ ಹೆನ್ರಿ ಗಂಟು ಕಟ್ಟಿಕೊಂಡು ಕೆಲಸ ಹುಡುಕುತ್ತಾ ಹೊರಟ. ನಡೆದದ್ದು ಸುಮಾರು 1,200 ಮೈಲಿ. ಇವತ್ತಿನ ಲೆಕ್ಕದಲ್ಲಿ 1,900 ಕಿಲೋಮೀಟರ್‌ಗಿಂತ ಜಾಸ್ತಿ. ಒಂದು ಹಂತದಲ್ಲಿ ಸೈನ್ಯಕ್ಕೆ ಸೇರಿಬಿಡೋಣ ಅನ್ನುವ ತನಕ ಬಂದಿದ್ದ.

ಆ ಕಾಲದ ಕಲ್ಲುಕೆಲಸದವರ ಸಂಘದಲ್ಲಿ ಇದಕ್ಕೊಂದು ಏರ್ಪಾಡಿತ್ತು. ಕೆಲಸ ಇಲ್ಲದ ಸದಸ್ಯನಿಗೆ ಸಂಘ ಒಂದು ಕಾರ್ಡು ಕೊಡುತ್ತಿತ್ತು. ಅದನ್ನು ಹಿಡಿದು ಮುಂದಿನ ಊರಿನ ಶಾಖೆಗೆ ನಡೆಯಬೇಕು. ಶಾಖೆ ಇರುತ್ತಿದ್ದದ್ದು ಸಾಮಾನ್ಯವಾಗಿ ಒಂದು ಹೆಂಡದಂಗಡಿಯ ಮೇಲಿನ ಕೋಣೆಯಲ್ಲಿ. ಅಲ್ಲಿ ಕಾರ್ಡು ತೋರಿಸಿದರೆ ರಾತ್ರಿ ಮಲಗಲು ಜಾಗ, ಕೈಗೆ ಒಂದಷ್ಟು ಪುಡಿಗಾಸು. ಬೆಳಿಗ್ಗೆ ಅಲ್ಲಿ ಕೆಲಸ ಇದ್ದರೆ ಸರಿ, ಇಲ್ಲದಿದ್ದರೆ ಮತ್ತೆ ಮುಂದಿನ ಊರು. ಭಿಕ್ಷೆ ಬೇಡಬೇಕಿಲ್ಲ, ಬಡವರ ಛತ್ರಕ್ಕೆ ಹೋಗಬೇಕಿಲ್ಲ. ನಮ್ಮವರೇ ಕೂಡಿಟ್ಟ ದುಡ್ಡು ನಮ್ಮವನ ಕಷ್ಟಕ್ಕೆ. ಸರ್ಕಾರ ಅನ್ನುವುದು ಈ ಚಿತ್ರದಲ್ಲಿ ಎಲ್ಲೂ ಇಲ್ಲ. ಇದನ್ನು ನೆನಪಿಡಿ, ಮುಂದೆ ಬೇಕಾಗುತ್ತದೆ.

1860ರಲ್ಲಿ ನಾರಿಚ್ ಊರಿನ ಎಲೈಜಾ ಜೊತೆ ಮದುವೆ. 1865ರಲ್ಲಿ ಇಬ್ಬರೂ ಲಂಡನ್ನಿಗೆ ಬಂದರು. ಅಲ್ಲಿ ಬ್ರಾಡ್‌ಹರ್ಸ್ಟ್ ಅವರಿಗೆ ಸಿಕ್ಕ ಕೆಲಸಗಳಲ್ಲಿ ಒಂದು ವೆಸ್ಟ್‌ಮಿನ್‌ಸ್ಟರ್‌ನಲ್ಲಿ, ಪಾರ್ಲಿಮೆಂಟ್ ಕಟ್ಟಡದ ಗಡಿಯಾರ ಗೋಪುರದ ಕಲ್ಲುಕೆಲಸ.

ಹಳೇ ಪಾರ್ಲಿಮೆಂಟ್ ಭವನ 1834ರಲ್ಲಿ ಸುಟ್ಟುಹೋಗಿತ್ತು. ಚಾರ್ಲ್ಸ್ ಬ್ಯಾರಿ ಎಂಬ ವಾಸ್ತುಶಿಲ್ಪಿಯ ನಕ್ಷೆಯಂತೆ ಹೊಸದು ಎದ್ದಿತು. ಅದಕ್ಕೆ ಯಾರ್ಕ್‌ಷೈರ್‌ನ ಆನ್‌ಸ್ಟನ್ ಗಣಿಯ ಸುಣ್ಣಕಲ್ಲು ಆರಿಸಿದ್ದರು. ಕೆತ್ತನೆಗೆ ಸುಲಭ, ಬಣ್ಣವೂ ಚೆಂದ. ಆದರೆ ಲಂಡನ್ನಿನ ಕಲ್ಲಿದ್ದಲ ಹೊಗೆಗೆ ಅದು ತಡೆಯಲಿಲ್ಲ. ಕಟ್ಟಡ ಪೂರ್ತಿಯಾಗುವ ಮೊದಲೇ ಕಲ್ಲು ಪುಡಿಯಾಗಿ ಉದುರಲು ಶುರುವಾಯಿತು. ಹಾಗಾಗಿ ಆ ಕಟ್ಟಡದಲ್ಲಿ ಕಲ್ಲುಕೆಲಸದವರಿಗೆ ಕೆಲಸ ಎಂದೂ ಮುಗಿಯಲಿಲ್ಲ.

ಒರಟು ಕಲ್ಲನ್ನು ಸಮತಟ್ಟು ಮಾಡುವುದನ್ನು ಹತ್ತಿರ ನಿಂತು ನೋಡಿದವರಿಗೆ ಗೊತ್ತು. ಕೆಲಸದವನು ನಡುವಿನ ಉಬ್ಬಿಗೆ ಮೊದಲು ಕೈ ಹಾಕುವುದಿಲ್ಲ. ಒಂದು ಅಂಚಿನುದ್ದಕ್ಕೆ ಎರಡು ಬೆರಳಗಲ ಪಟ್ಟಿ ತೆಗೆಯುತ್ತಾನೆ. ಅದರ ಮೇಲೆ ನೇರ ಪಟ್ಟಿ ಇಟ್ಟು ಬೆಳಕು ನುಸುಳುತ್ತದಾ ನೋಡುತ್ತಾನೆ. ಆಮೇಲೆ ಎದುರಿನ ಅಂಚು. ಒಂದು ಕಣ್ಣು ಮುಚ್ಚಿ ಎರಡೂ ಅಂಚು ಒಂದೇ ಮಟ್ಟದಲ್ಲಿವೆಯಾ ಅಂತ ದಿಟ್ಟಿಸುತ್ತಾನೆ. ಒಂದು ಎಳೆಯಷ್ಟು ಸೊಟ್ಟ ಇದ್ದರೂ ಮತ್ತೆ ಉಳಿ ಎತ್ತುತ್ತಾನೆ. ನಾಲ್ಕೂ ಅಂಚು ಸರಿಯಾದ ಮೇಲಷ್ಟೇ ನಡುವಿನ ಉಬ್ಬನ್ನು ತೆಗೆಯುವುದು. ಆತುರದಲ್ಲಿ ನಡುವಿಗೆ ಹೊಡೆದರೆ ಕಲ್ಲೇ ಸೀಳಿಹೋಗುತ್ತದೆ.

ಬ್ರಾಡ್‌ಹರ್ಸ್ಟ್ ರಾಜಕೀಯ ಮಾಡಿದ್ದೂ ಹೀಗೇ ಎಂದು ನನಗೆ ಅನ್ನಿಸುತ್ತದೆ. ಮೊದಲು ಅಂಚು. ನಡುವಿನದು ನಿಧಾನಕ್ಕೆ.

ಲಾಬಿಯಲ್ಲಿ ಕಾಯುವ ಕೆಲಸ

1872ರಲ್ಲಿ ಲಂಡನ್ನಿನ ಕಲ್ಲುಕೆಲಸದವರು ಕೆಲಸದ ಗಂಟೆ ಇಳಿಸಿ, ಕೂಲಿ ಏರಿಸಿ ಎಂದು ಹೋರಾಟಕ್ಕೆ ನಿಂತರು. ಬ್ರಾಡ್‌ಹರ್ಸ್ಟ್ ಹೋರಾಟ ಸಮಿತಿಯ ಅಧ್ಯಕ್ಷರಾದರು. ಆಮೇಲೆ ಅವರು ಹೊಟ್ಟೆಪಾಡಿಗೆ ಉಳಿ ಹಿಡಿಯಲಿಲ್ಲ. ಮರುವರ್ಷ ಲೇಬರ್ ರೆಪ್ರೆಸೆಂಟೇಷನ್ ಲೀಗ್ ಎಂಬ ಸಂಸ್ಥೆಯ ಕಾರ್ಯದರ್ಶಿ ಆದರು. ಕೆಲಸಗಾರರನ್ನು ಪಾರ್ಲಿಮೆಂಟಿಗೆ ಕಳಿಸುವುದೇ ಅದರ ಗುರಿ. 1874ರಲ್ಲಿ ಹೈ ವಿಕಂಬ್ ಕ್ಷೇತ್ರದಲ್ಲಿ ತಾವೇ ನಿಂತರು. ನೂರು ಚಿಲ್ಲರೆ ಓಟು ಬಿತ್ತು. ಅದೇ ಚುನಾವಣೆಯಲ್ಲಿ ಥಾಮಸ್ ಬರ್ಟ್ ಮತ್ತು ಅಲೆಕ್ಸಾಂಡರ್ ಮ್ಯಾಕ್‌ಡೊನಾಲ್ಡ್ ಗೆದ್ದರು. ಪಾರ್ಲಿಮೆಂಟಿಗೆ ಹೋದ ಮೊದಲ ಕೂಲಿ ಕೆಲಸಗಾರರು ಇವರಿಬ್ಬರು. ಇಬ್ಬರೂ ಗಣಿಯವರು.

ಗಣಿಯವರೇ ಯಾಕೆ ಮೊದಲು ಹೋದರು? ಒಂದು ಕಾರಣ ದುಡ್ಡು. ಆಗ ಪಾರ್ಲಿಮೆಂಟ್ ಸದಸ್ಯರಿಗೆ ಸಂಬಳವೇ ಇರಲಿಲ್ಲ. ಜಮೀನಿನ ಗೇಣಿ ಬರುವವರಿಗೆ, ಮಿಲ್ಲಿನ ಲಾಭ ಬರುವವರಿಗೆ ಅದೇನು ತೊಂದರೆ ಅಲ್ಲ. ಕೂಲಿ ಕೆಲಸದವರು ಲಂಡನ್ನಿನಲ್ಲಿ ಕೂತು ಕಾನೂನು ಮಾಡುವಷ್ಟು ಹೊತ್ತು ಮನೆಯ ಒಲೆ ಹೇಗೆ ಉರಿಯಬೇಕು? ಗಣಿಯವರ ಸಂಘ ದೊಡ್ಡದು, ಒಂದೇ ಕಡೆ ಇದ್ದದ್ದು. ತಮ್ಮ ಮನುಷ್ಯನನ್ನು ಸಾಕುವ ಶಕ್ತಿ ಅದಕ್ಕಿತ್ತು. ಊರೂರಿಗೆ ಚದುರಿದ ಕಲ್ಲುಕೆಲಸದವರಿಗೆ ಅದು ಕಷ್ಟ.

1875ರಲ್ಲಿ ಬ್ರಾಡ್‌ಹರ್ಸ್ಟ್ ಟಿಯುಸಿಯ ಪಾರ್ಲಿಮೆಂಟರಿ ಸಮಿತಿಯ ಕಾರ್ಯದರ್ಶಿಯಾದರು. ಟಿಯುಸಿ ಕಾರ್ಯದರ್ಶಿ ಅಂದರೆ ಇದೇ ಹುದ್ದೆ. ಅವರಿಗಿಂತ ಹಿಂದೆ ಆ ಜಾಗದಲ್ಲಿದ್ದ ಜಾರ್ಜ್ ಹೋವೆಲ್ ಇಟ್ಟಿಗೆ ಕಟ್ಟುವ ಗಾರೆ ಕೆಲಸದವರು. ಈ ಹುದ್ದೆಯ ಕೆಲಸ ಅಂದರೆ ಮಸೂದೆ ಓದುವುದು, ಸದಸ್ಯರನ್ನು ಲಾಬಿಯಲ್ಲಿ, ಅಂದರೆ ಪಾರ್ಲಿಮೆಂಟಿನ ಪಡಸಾಲೆಯಲ್ಲಿ, ಹಿಡಿಯುವುದು, ಕಾಗದ ಬರೆಯುವುದು, ಮಂತ್ರಿಗಳ ಬಳಿ ನಿಯೋಗ ಕರೆದುಕೊಂಡು ಹೋಗುವುದು, ಕಾಯುವುದು. ಹೆಚ್ಚಾಗಿ ಕಾಯುವುದು.

1880ರ ಚುನಾವಣೆಯಲ್ಲಿ ಸ್ಟೋಕ್ ಕ್ಷೇತ್ರದಿಂದ ಗೆದ್ದರು. ಮಡಿಕೆ, ಪಿಂಗಾಣಿ ಮಾಡುವವರ ಊರು ಅದು. ನಿಂತದ್ದು ಲಿಬರಲ್ ಪಕ್ಷದ ಜೊತೆ ಹೊಂದಿಕೊಂಡು. ಇಂಥವರನ್ನು ಆಗ ಲಿಬ್-ಲ್ಯಾಬ್ ಅನ್ನುತ್ತಿದ್ದರು. ಅರ್ಧ ಲಿಬರಲ್, ಅರ್ಧ ಲೇಬರ್. ಪಾರ್ಲಿಮೆಂಟಿನಲ್ಲಿ ಕೂತ ಮೇಲೂ ಅವರ ಸಂಸಾರ ನಡೆದದ್ದು ಟಿಯುಸಿ ಕಾರ್ಯದರ್ಶಿಯ ಸಂಬಳದ ಆಸರೆಯಲ್ಲಿ.

ಬ್ರಾಡ್‌ಹರ್ಸ್ಟ್ ಅವರ ರೀತಿಯ ರಾಜಕೀಯ ಏನು ಸಾಧಿಸಿತು ಅಂತ ಕೇಳುವವರಿಗೆ ನಾನು ತೋರಿಸುವುದು ಒಂದು ಕಾನೂನನ್ನು.

ಅಲ್ಲಿನ ಕೋರ್ಟುಗಳು 1837ರಿಂದ ಒಂದು ತತ್ವ ಹಿಡಿದುಕೊಂಡಿದ್ದವು. ಕೆಲಸದ ಜಾಗದಲ್ಲಿ ಒಬ್ಬನಿಗೆ ಪೆಟ್ಟಾಯಿತು ಅನ್ನಿ. ಅದು ಜೊತೆ ಕೆಲಸಗಾರನ ತಪ್ಪಿನಿಂದ ಆಗಿದ್ದರೆ ಮಾಲೀಕನ ಮೇಲೆ ಹೊಣೆ ಇಲ್ಲ. ಕೆಲಸಕ್ಕೆ ಸೇರುವಾಗಲೇ ನೀನು ಆ ಅಪಾಯ ಒಪ್ಪಿಕೊಂಡಿದ್ದೀಯ ಎಂಬುದು ವಾದ. ಹಾಗಾದರೆ ಜೊತೆ ಕೆಲಸಗಾರ ಅಂದರೆ ಯಾರು? ಮೇಸ್ತ್ರಿಯೂ ಅದರಲ್ಲಿ ಬಂದ, ಮ್ಯಾನೇಜರೂ ಬಂದ. ಅವರೂ ಮಾಲೀಕನ ಸಂಬಳ ತಿನ್ನುವವರೇ ತಾನೇ? ಮೇಸ್ತ್ರಿ ಹತ್ತು ಅಂದ ಅಟ್ಟಣಿಗೆ ಹತ್ತಿ, ಅದು ಮುರಿದು, ಕಾಲು ಹೋದರೂ ಕೇಳುವ ಹಾಗಿಲ್ಲ. ದಾರಿಯಲ್ಲಿ ಹೋಗುವ ಅಪರಿಚಿತನ ಮೇಲೆ ಅದೇ ಅಟ್ಟಣಿಗೆ ಬಿದ್ದರೆ ಅವನಿಗೆ ಪರಿಹಾರ ಉಂಟು. ಅದರ ಮೇಲೆ ನಿಂತು ದುಡಿಯುತ್ತಿದ್ದವನಿಗೆ ಇಲ್ಲ. ಎಂಥ ಅನ್ಯಾಯ!

ಟಿಯುಸಿ ವರ್ಷಗಟ್ಟಲೆ ಇದರ ಬೆನ್ನು ಹತ್ತಿತ್ತು. 1880ರಲ್ಲಿ ಮಾಲೀಕರ ಹೊಣೆ ಕಾಯಿದೆ ಬಂತು. ಮೇಲ್ವಿಚಾರಣೆ ಮಾಡುವವರ ತಪ್ಪಿಗೆ, ಯಂತ್ರ ಮತ್ತು ಅಟ್ಟಣಿಗೆಯ ದೋಷಕ್ಕೆ ಮಾಲೀಕ ಪರಿಹಾರ ಕೊಡಬೇಕು. ಗರಿಷ್ಠ ಮೂರು ವರ್ಷದ ಗಳಿಕೆಯಷ್ಟು. ಬ್ರಾಡ್‌ಹರ್ಸ್ಟ್ ಇದಕ್ಕಾಗಿ ಒಳಗೂ ಹೊರಗೂ ದುಡಿದರು. ಅಟ್ಟಣಿಗೆ ಹತ್ತಿದ್ದ ಮನುಷ್ಯ ಪಾರ್ಲಿಮೆಂಟಿನ ಚುನಾಯಿತ ಸಭೆಯಾದ ಕಾಮನ್ಸ್ ಸಭೆಯಲ್ಲಿ ನಿಂತು ಅಟ್ಟಣಿಗೆಯ ಬಗ್ಗೆ ಮಾತಾಡಿದಾಗ ಆ ಮಾತಿನ ತೂಕವೇ ಬೇರೆ.

ಕಾಯಿದೆಯಲ್ಲಿ ತೂತು ಇತ್ತು. ಈ ಹಕ್ಕು ನನಗೆ ಬೇಡ ಎಂದು ಮಾಲೀಕರು ಕೆಲಸಗಾರರಿಂದ ಮೊದಲೇ ಬರೆಸಿಕೊಳ್ಳಬಹುದಿತ್ತು. 1882ರಲ್ಲಿ ಕೋರ್ಟೂ ಅದು ಸರಿ ಅಂದಿತು. ಆ ತೂತು ಮುಚ್ಚಲು ಮುಂದೆ ವರ್ಷಗಟ್ಟಲೆ ಹೋರಾಟ ನಡೆಯಿತು. ಅಂಚು ತೆಗೆದಾಗಿತ್ತು, ನಡುವಿನ ಉಬ್ಬು ಹಾಗೇ ಉಳಿದಿತ್ತು.

ಕೋಟಿನ ಪ್ರಶ್ನೆ

1884ರಲ್ಲಿ ದುಡಿಯುವ ಜನರ ವಸತಿ ಕುರಿತು ಒಂದು ರಾಯಲ್ ಕಮಿಷನ್, ಅಂದರೆ ಸರ್ಕಾರ ನೇಮಿಸುವ ದೊಡ್ಡ ವಿಚಾರಣಾ ಸಮಿತಿ, ಕೂತಿತು. ಅಧ್ಯಕ್ಷರು ಲಿಬರಲ್ ಮಂತ್ರಿ ಚಾರ್ಲ್ಸ್ ಡಿಲ್ಕ್. ಸದಸ್ಯರಲ್ಲಿ ರಾಣಿ ವಿಕ್ಟೋರಿಯಾಳ ಹಿರಿಮಗ, ಮುಂದೆ ಏಳನೇ ಎಡ್ವರ್ಡ್ ಆದ ರಾಜಕುಮಾರ ಇದ್ದರು. ಕ್ಯಾಥೊಲಿಕ್ ಧರ್ಮಗುರು ಕಾರ್ಡಿನಲ್ ಮ್ಯಾನಿಂಗ್ ಇದ್ದರು. ಬ್ರಾಡ್‌ಹರ್ಸ್ಟ್ ಕೂಡ ಇದ್ದರು. ಈ ಪರಿಚಯದ ಮೇಲೆ ರಾಜಕುಮಾರ ಬ್ರಾಡ್‌ಹರ್ಸ್ಟ್ ಅವರನ್ನು ಸ್ಯಾಂಡ್ರಿಂಗ್‌ಹ್ಯಾಮ್‌ನ ತಮ್ಮ ಮನೆಗೆ ಕರೆದರು.

ಬ್ರಾಡ್‌ಹರ್ಸ್ಟ್ 1901ರಲ್ಲಿ ಪ್ರಕಟವಾದ ತಮ್ಮ ಆತ್ಮಕಥೆಯಲ್ಲಿ ಈ ಭೇಟಿಯನ್ನು ಹೇಳಿಕೊಂಡಿದ್ದಾರೆ. ರಾಜಕುಮಾರ ತಾವೇ ಕೋಣೆಯ ತನಕ ಬಂದರಂತೆ. ಎಲ್ಲ ಸರಿ ಇದೆಯಾ ಅಂತ ನೋಡಿ, ಅಗ್ಗಿಷ್ಟಿಕೆಯ ಬೆಂಕಿ ಕೆದಕಿ ಹೋದರಂತೆ. ಆದರೆ ರಾತ್ರಿ ಊಟದ ಹೊತ್ತಿಗೆ ಒಂದು ತೊಡಕು. ಅರಮನೆಯ ಊಟದ ಮೇಜಿಗೆ ವಿಶೇಷ ಕೋಟು ಹಾಕಿಕೊಂಡೇ ಬರಬೇಕು. ಬ್ರಾಡ್‌ಹರ್ಸ್ಟ್ ಬಳಿ ಅದಿರಲಿಲ್ಲ. ಹಾಗಾಗಿ ಪ್ರತಿ ರಾತ್ರಿ ಅವರ ಊಟ ಅವರ ಕೋಣೆಗೇ ಬಂತು.

ಆ ಕೋಣೆಯನ್ನು ನಾನು ಎಷ್ಟೋ ಸಲ ಕಣ್ಣಮುಂದೆ ತಂದುಕೊಂಡಿದ್ದೇನೆ. ಕೆಳಗೆ ದೊಡ್ಡ ಊಟದ ಮನೆ, ದೀಪ, ಮಾತು. ಮೇಲೆ ಒಬ್ಬ ಮನುಷ್ಯ ಒಬ್ಬರೇ ಊಟಕ್ಕೆ ಕೂತಿದ್ದಾರೆ. ಕರೆದವರು ಪ್ರೀತಿಯಿಂದಲೇ ಕರೆದಿದ್ದರು. ಹೋದವರು ಗೌರವದಿಂದಲೇ ಹೋಗಿದ್ದರು. ಸಾಲ ಮಾಡಿ ಕೋಟು ಹೊಲಿಸಬಹುದಿತ್ತು, ಬ್ರಾಡ್‌ಹರ್ಸ್ಟ್ ಹೊಲಿಸಲಿಲ್ಲ. ಹೋಗದೇ ಇರಬಹುದಿತ್ತು, ಹೋದರು. ತಮ್ಮದೇ ಅಂತಸ್ತಿನ ಹಳೇ ಗೆಳೆಯನ ಮನೆಯಲ್ಲಿ ಎರಡು ದಿನ ಕಳೆದ ಹಾಗಿತ್ತು ಎಂಬ ಅರ್ಥದಲ್ಲಿ ಬರೆದುಕೊಂಡರು. ಆಮೇಲಿನವರು ಈ ಮಾತಿಗೆ ಅವರನ್ನು ಬಹಳ ಹಂಗಿಸಿದ್ದಾರೆ. ನನಗೆ ಹಂಗಿಸಲು ಮನಸ್ಸು ಬರುವುದಿಲ್ಲ. ಸಾವಿರದ ಇನ್ನೂರು ಮೈಲಿ ಅಲೆದವರಿಗೆ ಯಾರೋ ಬೆಂಕಿ ಕೆದಕಿ ಕೊಟ್ಟರೆ ಅದು ಮನಸ್ಸಿಗೆ ತಟ್ಟದೇ ಇರುತ್ತದಾ?

1885ರಲ್ಲಿ ಬರ್ಮಿಂಗ್‌ಹ್ಯಾಮ್‌ನ ಬೋರ್ಡ್ಸ್‌ಲಿ ಕ್ಷೇತ್ರದಿಂದ ಗೆದ್ದರು. 1886ರ ಫೆಬ್ರವರಿಯಲ್ಲಿ ಲಿಬರಲ್ ನಾಯಕ ಗ್ಲಾಡ್‌ಸ್ಟನ್ ಮೂರನೇ ಸಲ ಪ್ರಧಾನಿಯಾದಾಗ ಬ್ರಾಡ್‌ಹರ್ಸ್ಟ್ ಅವರನ್ನು ಗೃಹ ಇಲಾಖೆಯ ಕಿರಿಯ ಮಂತ್ರಿ ಮಾಡಿದರು. ಕಾರ್ಖಾನೆ, ಗಣಿ, ಪೊಲೀಸು ಎಲ್ಲ ಬರುವ ಇಲಾಖೆ. ಕೂಲಿ ಮಾಡಿ ಬದುಕಿದ್ದ ಒಬ್ಬರು ಬ್ರಿಟಿಷ್ ಸರ್ಕಾರದಲ್ಲಿ ಮಂತ್ರಿಯಾದದ್ದು ಅದೇ ಮೊದಲು. ಮತ್ತೆ ಕೋಟಿನ ಪ್ರಶ್ನೆ ಬಂತು. ಮಂತ್ರಿಗಳು ರಾಣಿಯ ದರ್ಬಾರಿಗೆ ಜರಿಯ ಉಡುಪು ತೊಟ್ಟು ಹೋಗಬೇಕು. ರಾಣಿ ವಿಕ್ಟೋರಿಯಾ ಬ್ರಾಡ್‌ಹರ್ಸ್ಟ್ ಅವರಿಗೆ ಅದರಿಂದ ವಿನಾಯಿತಿ ಕೊಟ್ಟರು.

ಮಂತ್ರಿಗಿರಿ ಆರು ತಿಂಗಳೂ ಸರಿಯಾಗಿ ನಡೆಯಲಿಲ್ಲ. ಐರ್ಲೆಂಡಿಗೆ ಸ್ವಂತ ಆಡಳಿತ ಕೊಡುವ ಮಸೂದೆ ಜೂನ್ 8ರಂದು 343ಕ್ಕೆ 313 ಓಟಿನಲ್ಲಿ ಬಿತ್ತು. ಲಿಬರಲ್ ಪಕ್ಷ ಒಡೆಯಿತು. ಬರ್ಮಿಂಗ್‌ಹ್ಯಾಮ್ ಊರು ಲಿಬರಲ್ ನಾಯಕರಲ್ಲಿ ಒಬ್ಬರಾದ ಜೋಸೆಫ್ ಚೇಂಬರ್‌ಲೇನ್ ಅವರ ಕೋಟೆ, ಅವರು ಗ್ಲಾಡ್‌ಸ್ಟನ್ ಅವರನ್ನು ಬಿಟ್ಟು ಹೋಗಿದ್ದರು. ಬ್ರಾಡ್‌ಹರ್ಸ್ಟ್ ಹೋಗಲಿಲ್ಲ. ನಾಟಿಂಗ್‌ಹ್ಯಾಮ್ ವೆಸ್ಟ್ ಕ್ಷೇತ್ರಕ್ಕೆ ಬಂದು ಗೆದ್ದರು. ಟಿಯುಸಿ ಕಾರ್ಯದರ್ಶಿ ಹುದ್ದೆಗೂ ವಾಪಸು ಬಂದರು. ನೆತ್ತಿಯ ಮೇಲಿನ ಸೂರ್ಯ ಅನ್ನುವುದಾದರೆ ಅದೇ ಹೊತ್ತು.

ಎಂಟು ಗಂಟೆ

1887ರಲ್ಲಿ ಸ್ವಾನ್ಸಿಯ ಟಿಯುಸಿ ಸಭೆಗೆ ಕೀರ್ ಹಾರ್ಡಿ ಮೊದಲ ಸಲ ಬಂದರು. ಬಂದವರೇ ಬ್ರಾಡ್‌ಹರ್ಸ್ಟ್ ಮೇಲೆ ಬಿದ್ದರು. ಆ ವರ್ಷ ನಾರ್ತ್‌ವಿಚ್ ಉಪಚುನಾವಣೆಯಲ್ಲಿ ರಾಸಾಯನಿಕ ಕಾರ್ಖಾನೆಯ ಮಾಲೀಕ ಜಾನ್ ಬ್ರನ್ನರ್ ಲಿಬರಲ್ ಅಭ್ಯರ್ಥಿ. ಬ್ರಾಡ್‌ಹರ್ಸ್ಟ್ ಈ ಬ್ರನ್ನರ್ ಪರ ನಿಂತಿದ್ದರು. ಬ್ರನ್ನರ್ ಅವರ ಕಾರ್ಖಾನೆಯಲ್ಲಿ ಜನ ಎಷ್ಟು ಹೊತ್ತು ದುಡಿಯುತ್ತಾರೆ ಗೊತ್ತಾ ಎಂಬುದು ಹಾರ್ಡಿಯ ಪ್ರಶ್ನೆ. ಡಂಡೀಯ 177-11 ಓಟು ಬಂದದ್ದು ಈ ಜಗಳದ ಮುಂದುವರಿಕೆಯಾಗಿ.

ಆದರೆ ನಿಜವಾದ ಜಗಳ ಬ್ರನ್ನರ್ ಬಗ್ಗೆ ಅಲ್ಲ. ದಿನಕ್ಕೆ ಎಂಟೇ ಗಂಟೆ ಕೆಲಸ ಎಂದು ಪಾರ್ಲಿಮೆಂಟ್ ಕಾನೂನು ಮಾಡಬೇಕಾ ಬೇಡವಾ ಎಂಬುದರ ಬಗ್ಗೆ.

ಬ್ರಾಡ್‌ಹರ್ಸ್ಟ್ ಬೇಡ ಅಂದರು. ಎಂಟು ಗಂಟೆ ಬೇಡ ಅಂದದ್ದಲ್ಲ, ಕಾನೂನು ಬೇಡ ಅಂದದ್ದು. ಮಕ್ಕಳಿಗೆ, ಹೆಂಗಸರಿಗೆ ಕಾನೂನಿನ ರಕ್ಷಣೆ ಇರಲಿ. ಗಟ್ಟಿಮುಟ್ಟಾದ ಗಂಡಸರು ಸಂಘ ಕಟ್ಟಿ ಮಾಲೀಕನ ಎದುರು ಕೂತು ತಾವೇ ಗಳಿಸಿಕೊಳ್ಳಬೇಕು. ಇವತ್ತು ಪಾರ್ಲಿಮೆಂಟ್ ಕೊಟ್ಟದ್ದನ್ನು ನಾಳೆ ಪಾರ್ಲಿಮೆಂಟ್ ಕಿತ್ತುಕೊಳ್ಳಬಹುದು. ನಮ್ಮ ಕೈಯಿಂದ ಗಳಿಸಿದ್ದು ನಮ್ಮದು. ಹಳೇ ಸಂಘಗಳವರ ವಾದ ಇದು.

ಇದು ಸುಮ್ನೆ ಹಟ ಅಲ್ಲ. ಅವರ ಕಸುಬಿನ ಅನುಭವ ಅದನ್ನೇ ಹೇಳುತ್ತಿತ್ತು. 1856ರಲ್ಲೇ ಆಸ್ಟ್ರೇಲಿಯಾದ ಮೆಲ್ಬರ್ನ್‌ನಲ್ಲಿ ಕಲ್ಲುಕೆಲಸದವರು ಉಳಿ ಕೆಳಗಿಟ್ಟು ಮೆರವಣಿಗೆ ಹೊರಟು ಎಂಟು ಗಂಟೆಯ ದಿನ ಪಡೆದಿದ್ದರು. ಯಾವ ಕಾನೂನೂ ಬೇಕಾಗಿರಲಿಲ್ಲ. ಅವರಷ್ಟು ನುರಿತವರು ಬೇರೆ ಸಿಗದಿದ್ದರೆ ಮಾಲೀಕ ಒಪ್ಪಲೇಬೇಕು. ಡರ್ಹಮ್ ಮತ್ತು ನಾರ್ತಂಬರ್‌ಲ್ಯಾಂಡ್ ಗಣಿಯವರೂ ಕಾನೂನು ಬೇಡ ಅಂದರು. ಅಲ್ಲಿ ಕಲ್ಲಿದ್ದಲು ಕಡಿಯುವ ಗಂಡಸರ ಪಾಳಿ ಆಗಲೇ ಸುಮಾರು ಏಳು ಗಂಟೆ. ಆದರೆ ಎರಡು ಪಾಳಿ ಗಂಡಸರಿಗೆ ಒಂದೇ ಪಾಳಿ ಹುಡುಗರು ದುಡಿಯುತ್ತಿದ್ದರು. ಹುಡುಗರಿಗೂ ಎಂಟು ಗಂಟೆ ಅಂದರೆ ಇಡೀ ಏರ್ಪಾಡು ಕುಸಿಯುತ್ತಿತ್ತು. ಅಪ್ಪಂದಿರ ಏಳು ಗಂಟೆ ನಿಂತದ್ದು ಮಕ್ಕಳ ಉದ್ದದ ದಿನದ ಮೇಲೆ. ಇದನ್ನು ಓದುವಾಗ ನನಗೆ ಕಷ್ಟವಾಗುತ್ತದೆ.

ಸಂಘದ ಕಾರ್ಡು ಹಿಡಿದು ಊರೂರು ನಡೆದ ಹುಡುಗನನ್ನು ನೆನಪಿಡಿ ಅಂದಿದ್ದೆ. ಅವನನ್ನು ಕಾಪಾಡಿದ್ದು ಸರ್ಕಾರ ಅಲ್ಲ, ಸಂಘ. ಆ ಹುಡುಗ ಐವತ್ತಾದಾಗಲೂ ಅದನ್ನೇ ನಂಬಿದ್ದರು.

ಆದರೆ ಕಾರ್ಡೇ ಇಲ್ಲದವರ ಕಥೆ ಏನು? ಡಂಡೀಯಲ್ಲಿ ಬ್ರಾಡ್‌ಹರ್ಸ್ಟ್ 177 ಓಟು ಪಡೆದ ಅದೇ ವಾರ ಲಂಡನ್ನಿನ ಹಡಗುಕಟ್ಟೆಯ ಕೂಲಿಗಳು ಬೀದಿಯಲ್ಲಿದ್ದರು. ಆಗಸ್ಟ್ ನಡುವಿನಿಂದ ಮುಷ್ಕರ. ಕೇಳಿದ್ದು ಗಂಟೆಗೆ ಆರು ಪೆನ್ನಿ. ಇವರಿಗೆ ಕಸುಬು ಅಂತ ಒಂದಿಲ್ಲ. ಬೆಳಿಗ್ಗೆ ಗೇಟಿನ ಮುಂದೆ ನೂಕುನುಗ್ಗಲಿನಲ್ಲಿ ನಿಂತು, ಮೇಸ್ತ್ರಿ ಬೆರಳು ತೋರಿಸಿದರೆ ಒಳಗೆ, ಇಲ್ಲದಿದ್ದರೆ ಮನೆಗೆ. ಒಬ್ಬ ಹೋದರೆ ಆ ಜಾಗಕ್ಕೆ ಹತ್ತು ಜನ. ಇವರಿಗೆ ಹೋಗಿ ನೀವೇ ಮಾಲೀಕನ ಜೊತೆ ಮಾತಾಡಿ ಪಡೆಯಿರಿ ಅಂದರೆ ಹೇಗೆ? ಕೈಯಲ್ಲಿ ಉಳಿ ಇದ್ದವರಿಗೆ ಸಂಘವೇ ಸಾಕಾಯಿತು. ಬರೀ ಬೆನ್ನು ಇದ್ದವರಿಗೆ ಕಾನೂನೂ ಬೇಕಿತ್ತು. ಬ್ರಾಡ್‌ಹರ್ಸ್ಟ್ ಅವರಿಗೆ ಈ ವ್ಯತ್ಯಾಸ ಕಾಣಲಿಲ್ಲ. ಅವರ ಬದುಕಿನ ದೊಡ್ಡ ತಪ್ಪು ಇದೇ ಎಂದು ನಾನು ತಿಳಿದಿದ್ದೇನೆ.

ಹೆಂಗಸರ ವಿಷಯದಲ್ಲೂ ಅವರ ಕಣ್ಣು ಅಷ್ಟೇ ದೂರ ಹೋಯಿತು. ಹೆಂಡತಿಯರು ಮನೆಯಲ್ಲಿ ಇರಬೇಕಾದವರು, ಹೊಟ್ಟೆಪಾಡಿಗಾಗಿ ಬಲವಾದ ಗಂಡಸರ ಜೊತೆ ಪೈಪೋಟಿಗೆ ಅವರನ್ನು ಎಳೆಯಬಾರದು ಎಂದು 1870ರ ದಶಕದ ಟಿಯುಸಿ ಸಭೆಯಲ್ಲಿ ಹೇಳಿದ್ದರು. ಬಟ್ಟೆ ಗಿರಣಿಗಳಲ್ಲಿ ಸಾವಿರಾರು ಹೆಂಗಸರು ದುಡಿದು ಮನೆ ನಡೆಸುತ್ತಿದ್ದ ದೇಶದಲ್ಲಿ ಆಡಿದ ಮಾತು ಇದು.

1890ರಲ್ಲಿ ಲಿವರ್‌ಪೂಲ್‌ನಲ್ಲಿ ಟಿಯುಸಿ ಸೇರಿತು. ಹಡಗುಕಟ್ಟೆಯವರು, ಗ್ಯಾಸ್ ಕೆಲಸದವರು ಹೊಸ ಸಂಘ ಕಟ್ಟಿಕೊಂಡು ಬಂದಿದ್ದರು. ಎಂಟು ಗಂಟೆಯ ಕಾನೂನು ಬೇಕು ಎಂಬ ಠರಾವು 193ಕ್ಕೆ 155 ಓಟಿನಲ್ಲಿ ಗೆದ್ದಿತು. ಆರೋಗ್ಯ ಸರಿ ಇಲ್ಲ ಎಂದು ಬ್ರಾಡ್‌ಹರ್ಸ್ಟ್ ರಾಜೀನಾಮೆ ಕೊಟ್ಟರು.

ಆ ಸಭೆಯ ಬಗ್ಗೆ ಜಾನ್ ಬರ್ನ್ಸ್ ಬರೆದದ್ದು ಮನಸ್ಸಿನಲ್ಲಿ ಉಳಿಯುವಂಥದ್ದು. ಬರ್ನ್ಸ್ ಎಂಜಿನ್ ಕೆಲಸದವರು, ಹಡಗುಕಟ್ಟೆ ಮುಷ್ಕರದ ನಾಯಕರಲ್ಲಿ ಒಬ್ಬರು. ಹಳೇ ಸಂಘದವರು ಒಳ್ಳೇ ಕೋಟು, ದಪ್ಪ ವಾಚ್ ಸರಪಳಿ, ಎತ್ತರದ ಟೋಪಿ ಹಾಕಿಕೊಂಡು ಬಂದಿದ್ದರು, ಹೊಸಬರಲ್ಲಿ ಒಬ್ಬರ ತಲೆಯ ಮೇಲೂ ಎತ್ತರದ ಟೋಪಿ ಇರಲಿಲ್ಲ ಎಂಬುದು ಅವರ ಮಾತಿನ ಸಾರ. ಸ್ಯಾಂಡ್ರಿಂಗ್‌ಹ್ಯಾಮ್‌ನಲ್ಲಿ ಬ್ರಾಡ್‌ಹರ್ಸ್ಟ್ ಅವರ ಕೋಟು ಸಾಲದಾಗಿತ್ತು. ಲಿವರ್‌ಪೂಲ್‌ಗೆ ಬರುವ ಹೊತ್ತಿಗೆ ಅವರ ಸಾಲಿನವರ ಕೋಟು ಹೆಚ್ಚಾಯಿತು. ಇದಕ್ಕೆ ಹತ್ತು ವರ್ಷವೂ ಬೇಕಾಗಲಿಲ್ಲ.

1892ರ ಚುನಾವಣೆಯಲ್ಲಿ ನಾಟಿಂಗ್‌ಹ್ಯಾಮ್ ವೆಸ್ಟ್‌ನಲ್ಲಿ ಅವರ ಎದುರು ನಿಂತವರು ಚಾರ್ಲ್ಸ್ ಸೀಲಿ. ಗಣಿ ಮಾಲೀಕರು. ಕ್ಷೇತ್ರದ ಗಣಿ ಕಾರ್ಮಿಕರಿಗೆ ಎಂಟು ಗಂಟೆಯ ಕಾನೂನು ಬೇಕಿತ್ತು. ಬ್ರಾಡ್‌ಹರ್ಸ್ಟ್ ತಮ್ಮ ಮಾತು ಬದಲಿಸಲಿಲ್ಲ. ಗಣಿ ಮಾಲೀಕರು ಗೆದ್ದರು, ಕಲ್ಲುಕೆಲಸದವರು ಸೋತರು. ಓಟಿಗಾಗಿ ನಾಲಿಗೆ ತಿರುಗಿಸಬಹುದಿತ್ತು. ತಿರುಗಿಸಲಿಲ್ಲ. ಅವರ ನಿಲುವು ತಪ್ಪು ಎಂದು ಹೇಳುವ ನನಗೇ ಅವರ ಮೇಲೆ ಅತಿ ಹೆಚ್ಚು ಗೌರವ ಬರುವುದು ಈ ಸೋಲಿನ ಜಾಗದಲ್ಲಿ.

ಅದೇ ಚುನಾವಣೆಯಲ್ಲಿ ಕೀರ್ ಹಾರ್ಡಿ ಲಂಡನ್ನಿನ ವೆಸ್ಟ್ ಹ್ಯಾಮ್ ಸೌತ್‌ನಿಂದ ಗೆದ್ದು, ಬಟ್ಟೆಯ ಟೋಪಿ ಹಾಕಿಕೊಂಡು ಕಾಮನ್ಸ್ ಸಭೆಗೆ ಬಂದರು.

ಲೆಸ್ಟರ್‌ನ ಎರಡು ಸೀಟು

1893ರಲ್ಲಿ ಗ್ರಿಮ್ಸ್‌ಬಿ ಉಪಚುನಾವಣೆಯಲ್ಲಿ ಮತ್ತೆ ಸೋತರು. 1894ರಲ್ಲಿ ಲೆಸ್ಟರ್ ಅವರ ಕೈ ಹಿಡಿಯಿತು. ಈ ಹನ್ನೆರಡು ವರ್ಷಗಳ ಬಗ್ಗೆ ಹೇಳುವುದು ಕಡಿಮೆ. ವಯಸ್ಸಾದ ಬಡವರ ಸ್ಥಿತಿ ಕುರಿತ ರಾಯಲ್ ಕಮಿಷನ್ನಿನಲ್ಲಿ ಕೆಲಸ ಮಾಡಿದರು. ಸಭೆಗೆ ಹೋದರು, ಓಟು ಹಾಕಿದರು. ಚಳವಳಿ ಅವರನ್ನು ದಾಟಿ ಮುಂದೆ ಹೋಗಿತ್ತು. 1905ರಲ್ಲಿ ಎಲೈಜಾ ತೀರಿಕೊಂಡರು.

ಲೆಸ್ಟರ್ ಕ್ಷೇತ್ರಕ್ಕೆ ಎರಡು ಸೀಟು. 1906ರ ಜನವರಿಯಲ್ಲಿ ಗೆದ್ದವರಲ್ಲಿ ಒಬ್ಬರು ಬ್ರಾಡ್‌ಹರ್ಸ್ಟ್. ಇನ್ನೊಬ್ಬರು ರಾಮ್ಸೆ ಮ್ಯಾಕ್‌ಡೊನಾಲ್ಡ್, ಹೊಸ ಲೇಬರ್ ಪಕ್ಷದ ಕಾರ್ಯದರ್ಶಿ. ಮುಂದೆ 1924ರಲ್ಲಿ ಲೇಬರ್ ಪಕ್ಷದ ಮೊದಲ ಪ್ರಧಾನಿ ಆದದ್ದು ಅವರೇ. ಒಂದೇ ಊರಿನ ಜನ ಒಂದೇ ದಿನ ಹಳೇ ದಾರಿಗೂ ಹೊಸ ದಾರಿಗೂ ಓಟು ಹಾಕಿದರು. ಎರಡೇ ತಿಂಗಳಲ್ಲಿ ಬ್ರಾಡ್‌ಹರ್ಸ್ಟ್ ಸೀಟು ಬಿಟ್ಟುಕೊಟ್ಟರು. ಮಾರ್ಚ್ ಕೊನೆಗೆ ಅಲ್ಲಿ ಉಪಚುನಾವಣೆ ನಡೆಯಿತು.

ಜಾನ್ ಬರ್ನ್ಸ್ ಅಷ್ಟರಲ್ಲಿ ಕ್ಯಾಬಿನೆಟ್ ಸೇರಿದ್ದರು. ಎತ್ತರದ ಟೋಪಿಗಳ ಬಗ್ಗೆ ಬರೆದಿದ್ದ ಅದೇ ಬರ್ನ್ಸ್, ಮಂತ್ರಿಯಾಗಿ ಜರಿಯ ದರ್ಬಾರು ಉಡುಪು ತೊಟ್ಟರು. ಹಳೇ ಗೆಳೆಯರು ಅವರನ್ನು ದ್ರೋಹಿ ಅಂದರು. ಬ್ರಾಡ್‌ಹರ್ಸ್ಟ್ ಇಪ್ಪತ್ತು ವರ್ಷ ಮೊದಲು ಕೇಳಿಸಿಕೊಂಡಿದ್ದ ಮಾತು.

ಗಣಿಯವರಿಗೆ ಎಂಟು ಗಂಟೆಯ ಕಾನೂನು 1908ರಲ್ಲಿ ಬಂತು. 1909ರ ಕೊನೆಯಲ್ಲಿ ಇನ್ನೊಂದು ಪೆಟ್ಟು ಬಿತ್ತು. ಆಸ್ಬರ್ನ್ ಎಂಬ ರೈಲ್ವೆ ನೌಕರ ಹಾಕಿದ ಕೇಸಿನಲ್ಲಿ ಕಾರ್ಮಿಕ ಸಂಘಗಳು ತಮ್ಮ ಹಣದಿಂದ ಪಾರ್ಲಿಮೆಂಟ್ ಸದಸ್ಯರನ್ನು ಸಾಕುವ ಹಾಗಿಲ್ಲ ಎಂದು ಆಗ ದೇಶದ ಕೊನೆಯ ಮೇಲ್ಮನವಿ ಕೋರ್ಟೂ ಆಗಿದ್ದ ಲಾರ್ಡ್ಸ್ ಸಭೆ ತೀರ್ಪು ಕೊಟ್ಟಿತು. ಹಾಗಾದರೆ ಕೂಲಿ ಕೆಲಸದವರು ಸದಸ್ಯರಾಗಿ ಉಳಿಯುವುದು ಹೇಗೆ? 1874ರ ಪ್ರಶ್ನೆ ಮತ್ತೆ ಎದ್ದಿತು. ಈ ಸಲ ಉತ್ತರ ಸರ್ಕಾರದ ಬೊಕ್ಕಸದಿಂದಲೇ ಬಂತು. 1911ರ ಆಗಸ್ಟಿನಲ್ಲಿ ಕಾಮನ್ಸ್ ಸಭೆ ತನ್ನ ಸದಸ್ಯರಿಗೆ ವರ್ಷಕ್ಕೆ 400 ಪೌಂಡ್ ಸಂಬಳ ಕೊಡಲು ಒಪ್ಪಿತು.

ಬ್ರಾಡ್‌ಹರ್ಸ್ಟ್ ಆಗ ನಾರ್ಫೋಕ್ ಕರಾವಳಿಯ ಕ್ರೋಮರ್ ಊರಿನಲ್ಲಿದ್ದರು. ಎರಡು ತಿಂಗಳ ನಂತರ, ಅಕ್ಟೋಬರ್ 11ರಂದು, ಅಲ್ಲೇ ತೀರಿಕೊಂಡರು.